ಕಾಯಿಯಲ್ಲೇ ಕಿತ್ತ ಟೊಮೇಟೊ

ಆ ಬಕೆಟ್ಟು ಅಲ್ಲೇ ಇರಲಿ ಬಿಡು, ನೆಲ ಆಮೇಲೆ ಒರೆಸಿದ್ರಾಯ್ತು. ಸ್ಟೂಲು ಎಳ್ಕೊಂಡು ಬಂದು ಇಲ್ಲಿ ಒಲೆ ಪಕ್ಕ ಕೂತ್ಕೋ ಗುಬ್ಬಿ. ಹಾಂ, ಹಾಗೆ. ಕೈ ನನಗೆ ಕೊಡು, ಕಿವಿ ಕಥೆಗೆ ಕೊಡು. ಕಥೆ ಮುಗಿದ ಮೇಲೆ ‘ಆಮೇಲೆ ಅವರೆಲ್ಲ ಏನಾದ್ರು ಅಜ್ಜಿ’ ಅಂತ ಪೀಡಿಸ್ತೀಯಲ್ಲ, ಇವತ್ತೂ ಕೇಳ್ಬೇಕು. ನೀನು ಕೇಳದೆ ಹೋದ್ರೆ ನನ್ನ ಕಥೆ ಮುಗಿಯೋದೇ ಇಲ್ಲ.

ಬುಟ್ಟೀನ ಯಾಕೆ ಹಾಗೆ ನೋಡ್ತೀಯ? ಹೌದು, ಎಲ್ಲಾ ಕಿತ್ತುಬಿಟ್ಟೆ. ಬಾಲ್ಕನಿ ಡಬ್ಬಿಗಳಲ್ಲಿ ಒಂದು ಕಾಯೀನೂ ಬಿಟ್ಟಿಲ್ಲ. ಹಕ್ಕಿ ಕುಕ್ತಿತ್ತು ಕಣೇ... ಬಿಟ್ಟಿದ್ರೆ ನಮ್ಮ ಬಾಯಿಗೆಲ್ಲಿ ಬರ್ತಿತ್ತು. ಗೊತ್ತು, ಗೊತ್ತು. ನಿಮ್ಮಮ್ಮ ಆಸ್ಪತ್ರೆಗೆ ಹೊರಡುವಾಗ ‘ಕೆಂಪಾಗೋ ತನಕ ಯಾರೂ ಮುಟ್ಟಬಾರ್ದು’ ಅಂದಿದ್ಲು. ಭಾನುವಾರ ಮನೆಗೆ ಬರ್ತಾಳಲ್ಲ, ನಾನೇ ಬೈಸ್ಕೋತೀನಿ ಬಿಡು. ನೋಡು, ಭಾನುವಾರ ಅಂದ ತಕ್ಷಣ ಮುಖ ಹೇಗೆ ಅರಳ್ತು. ಸರಿ, ಚಾಕು ತಗೋ.

ಅರ್ಧ ಬೆರಳು ದಪ್ಪಕ್ಕೆ ಬಿಲ್ಲೆ ಮಾಡು. ತೆಳ್ಳಗಾದ್ರೆ ಎಣ್ಣೇಲಿ ಕರಗಿಹೋಗುತ್ತೆ, ದಪ್ಪ ಆದ್ರೆ ಒಳಗೆ ಹಸಿಯಾಗೇ ಇರುತ್ತೆ. ಈಗ ಉಪ್ಪು ಸವರಿ ಹಾಗೇ ಬಿಡು. ಅವು ಅಳ್ತಾವೆ. ಅಳಲಿ. ಇರೋ ನೀರೆಲ್ಲ ಇಲ್ಲೇ ಅತ್ತು ಮುಗಿಸ್ಬೇಕು, ಇಲ್ದಿದ್ರೆ ಎಣ್ಣೆಗೆ ಬಿದ್ದಾಗ ರಂಪ ಮಾಡ್ತಾವೆ.

ಅವು ಅಳೋಷ್ಟು ಹೊತ್ತು ನಾವು ಕಥೆ ಹೇಳೋಣ. ಒಂದು ಮನೇಲಿ ಒಬ್ಬಳು ಅತ್ತೆ ಇದ್ಲು. ಆ ಮನೇಲಿ ಚಾಕು ಮೊಂಡಾದ್ರೆ ಸಾಣೆಗೆ ಕೊಡ್ತಿರಲಿಲ್ಲ, ಅವಳ ನಾಲಿಗೆಗೆ ಒಂದ್ಸಲ ಉಜ್ಜಿದ್ರೆ ಸಾಕಿತ್ತು... ಯಾಕೆ ನಗ್ತೀಯ? ಆ ಅತ್ತೆ ನಾನಲ್ಲ. ಬೇರೆ ಊರು, ಬೇರೆ ಮನೆ. ಅವಳಿಗೆ ಒಬ್ಬನೇ ಮಗ, ಲಿಫ್ಟ್ ರಿಪೇರಿಯವನು. ಊರಿನ ಜನಾನೆಲ್ಲ ಮೇಲಕ್ಕೆ ಕಳಿಸಿದ, ತಾನು ಮಾತ್ರ ಇದ್ದಲ್ಲೇ ಇದ್ದ. ಏನು, ನಿಮ್ಮಪ್ಪಾನೂ ಲಿಫ್ಟ್ ರಿಪೇರಿ ಮಾಡ್ತಾನಾ? ಇರಬಹುದು ಬಿಡು. ಪ್ರಪಂಚಕ್ಕೆಲ್ಲ ಒಬ್ಬನೇನಾ ಲಿಫ್ಟಿನವನು?

ಅವನು ಕಟ್ಕೊಂಡು ಬಂದವಳು ದೊಡ್ಡ ಹೋಟೆಲಿನ ಲಾಂಡ್ರೀಲಿ ಬೆಡ್‌ಶೀಟ್ ಇಸ್ತ್ರಿ ಮಾಡೋಳು. ಬಂದ ವಾರಕ್ಕೇ ಟೊಮೇಟೊ ಕಾಯಿ ಹುರಿಯೋಕೆ ನಿಂತ್ಲು. ಅತ್ತೆ ಬಿಡ್ತಾಳಾ? ‘ಏನಮ್ಮ, ಹಣ್ಣಾಗೋ ತನಕ ಕಾಯೋ ತಾಳ್ಮೆ ನಿಮ್ಮನೇಲಿ ಯಾರಿಗೂ ಇರಲಿಲ್ವಾ’ ಅಂದ್ಲು. ಸೊಸೆ ತಲೇನೂ ಎತ್ತಲಿಲ್ಲ. ‘ಇತ್ತು ಅತ್ತೆ, ಖರ್ಚು ಮಾಡ್ದೆ ಎಲ್ಲಾ ನಿಮಗೋಸ್ಕರ ಉಳಿಸ್ಕೊಂಡು ಬಂದಿದೀನಿ’ ಅಂದ್ಲು.

ನಗು, ನಗು. ಆ ಅತ್ತೇನೂ ಸೆರಗು ಬಾಯಿಗಿಟ್ಕೊಂಡು ನಕ್ಕಳು, ಸೊಸೆಗೆ ಕಾಣದ ಹಾಗೆ. ಆಮೇಲೆ ಒಂದು ಬಿಲ್ಲೆ ಬಾಯಿಗಿಟ್ಲು. ಕರುಂ ಅಂತು. ಮೇಲೆ ಗರಿಗರಿ, ಒಳಗೆ ಹುಳಿ ಹುಳಿ, ಬಿಸಿ ಬಿಸಿ. ‘ಪರವಾಗಿಲ್ಲ’ ಅಂತ ಮೂಗು ಮುರಿದು ತಟ್ಟೆ ಖಾಲಿ ಮಾಡಿದ್ಲು.

ಸಾಕು, ಅತ್ತಿದ್ದು ಸಾಕು. ಬಟ್ಟೇಲಿ ಒಂದೊಂದೇ ಒತ್ತಿ ಒರೆಸು. ತಿಕ್ಕಬೇಡ, ಒತ್ತು. ಈಗ ಒಣ ಹಿಟ್ಟಲ್ಲಿ ಹೊರಳಿಸು, ತೆಳ್ಳನೆ ಮೊಸರಲ್ಲಿ ಅದ್ದು, ಆಮೇಲೆ ದಪ್ಪ ರವೆ.

ಇಲ್ಲೇ ನೋಡು ಆ ಸೊಸೆ ಆಟ ಆಡ್ತಿದ್ದಿದ್ದು. ರವೆ ಹೊತ್ತಿಗೆ ಸರಿಯಾಗಿ ‘ಅತ್ತೆ, ಬಾಗಿಲಲ್ಲಿ ಯಾರೋ ಕರೀತಿದಾರೆ ನೋಡಿ’ ಅನ್ನೋಳು. ಹೋಗಿ ನೋಡಿದ್ರೆ ನರಪಿಳ್ಳೆ ಇರ್ತಿರಲಿಲ್ಲ. ವಾಪಸ್ ಬರೋದ್ರೊಳಗೆ ಬಾಣಲೇಲಿ ಚುಂಯ್ ಅಂತಿರೋದು. ಅವಳು ಕೆಲಸಕ್ಕೆ ಹೋದಾಗ ಅತ್ತೆ ಕದ್ದು ಮಾಡಿ ನೋಡಿದ್ಲು. ಏನಾಯ್ತು ಗೊತ್ತಾ? ಟೊಮೇಟೊ ಬೆತ್ತಲೆ, ಉಟ್ಟ ಬಟ್ಟೆಯೆಲ್ಲ ಎಣ್ಣೆ ಪಾಲು. ಸಂಜೆ ಸೊಸೆ ಎಣ್ಣೆ ನೋಡಿದ್ಲು, ಅತ್ತೆ ಮುಖ ನೋಡಿದ್ಲು. ‘ಈ ಮನೇಲಿ ನನ್ನದು ಅಂತ ಒಂದು ಗುಟ್ಟಾದ್ರೂ ಇರಲಿ ಅತ್ತೆ. ನಾನಿರೋ ತನಕ ನಾನೇ ಮಾಡಿ ಹಾಕ್ತೀನಲ್ಲ’ ಅಂದ್ಲು. ಎಷ್ಟು ವರ್ಷ ಗೋಗರೆದರೂ ಅದೊಂದೇ ಮಾತು. ನಾನಿರೋ ತನಕ.

ಏ, ತಡಿ. ಈಗಲೇ ಎಣ್ಣೆಗೆ ಬಿಡಬೇಡ. ರವೆ ಮೆತ್ತಿದ ಮೇಲೆ ತಟ್ಟೇಲಿ ಸ್ವಲ್ಪ ಹೊತ್ತು ಸುಮ್ನೆ ಮಲಗಿಸ್ಬೇಕು. ಮೊಸರಿನ ಪಸೆಗೆ ರವೆ ನೆನೆದು ಮೈಗೆ ಹಿಡ್ಕೊಳ್ಳುತ್ತೆ, ಆಮೇಲೆ ಎಂಥಾ ಎಣ್ಣೇಲೂ ಬಿಡಲ್ಲ. ಗುಟ್ಟು ಅಂದ್ರೆ ಇಷ್ಟೇ... ಈಗ ಬಿಡು. ಒತ್ತೊತ್ತಾಗಿ ಬೇಡ. ಒಂದೇ ಸಲ ಮಗುಚು. ತೆಗೆದು ತಟ್ಟೇಲಿ ಪೇರಿಸ್ಬೇಡ, ತನ್ನ ಹಬೆಗೆ ತಾನೇ ಮೆತ್ತಗಾಗುತ್ತೆ. ಪಾತ್ರೆ ಸ್ಟ್ಯಾಂಡಿನ ಕಂಬಿ ಮೇಲೆ ಬಿಡಿಬಿಡಿಯಾಗಿ ನಿಲ್ಲಿಸು. ತಗೋ, ಮೊದಲನೇದು ನಿನಗೆ.

ಕರುಂ. ಕೇಳಿಸ್ತಾ? ಥೇಟ್ ನಿಮ್ಮಮ್ಮನ ಕೈದೇ.

ಯಾಕೆ ಅಗಿಯೋದು ನಿಲ್ಲಿಸ್ದೆ? ಬಾಯಿ ಸುಟ್ಟಿತಾ?

ಏನೇ ಅದು, ನನ್ನನ್ನೇ ನೋಡ್ತಿದೀಯ... ಗುಟ್ಟು ನನಗೆ ಹೇಗೆ ಗೊತ್ತಾಯ್ತು ಅಂತಾನಾ? ಅದು... ನೋಡಿ ನೋಡಿ ಕಲಿತೆ. ಅಲ್ಲ, ಅತ್ತೆ ಕಲಿತ್ಲು. ಸೊಸೆ ಹೇಳಿಕೊಟ್ಲು, ಯಾವತ್ತೋ. ಯಾವತ್ತು ಅಂದ್ರೆ... ನಿನ್ನೆ.

ನಿನ್ನೆ ಆಸ್ಪತ್ರೇಲಿ. ಹತ್ರ ಕರೆದ್ಲು. ದನಿ ಇರಲಿಲ್ಲ, ಕಿವಿ ಬಾಯಿಗೆ ಹಚ್ಚಿ ಕೇಳಿಸ್ಕೋಬೇಕಾಯ್ತು. ಉಪ್ಪಿಂದ ಹಿಡಿದು ಕಂಬಿ ತನಕ ಎಲ್ಲಾ ಹೇಳಿದ್ಲು. ಈ ಸಲ ಬಾಗಿಲಿಗೆ ಕಳಿಸಲಿಲ್ಲ. ‘ಕೆಂಪಾಗೋದನ್ನ ಕಾಯಬೇಡಿ ಅತ್ತೆ, ಈಗಲೇ ಕಿತ್ತು ಹುಡುಗಿಗೆ ಕಲಿಸಿ. ನನಗೆ ತಿನ್ನೋಕಾಗಲ್ಲ, ಅವಳು ಪಕ್ಕದಲ್ಲಿ ಕೂತು ಅಗಿಯೋ ಸದ್ದು ಕೇಳಿದ್ರೆ ಸಾಕು’ ಅಂದ್ಲು.

ಗುಬ್ಬಿ.

ಭಾನುವಾರ ಬರ್ತಾಳೆ, ಅದು ಸುಳ್ಳಲ್ಲ. ವಾಸಿಯಾದವರನ್ನೇ ಮನೆಗೆ ಕಳಿಸೋದು ಅಂತ ನೀನಂದುಕೊಂಡೆ, ನಾನು ಅಲ್ಲ ಅನ್ನಲಿಲ್ಲ. ಇಟ್ಕೊಂಡು ಮಾಡೋದಿನ್ನೇನೂ ಇಲ್ಲ ಅಂದ್ರು ಡಾಕ್ಟರು. ಹಕ್ಕಿ... ಹಕ್ಕಿ ಯಾವುದೂ ಬಂದಿರಲಿಲ್ಲ ಕಣೇ.

ಏನಾದ್ರೂ ಅನ್ನು. ಬೈಯೋದಾದ್ರೆ ಬೈ... ‘ಆಮೇಲೆ ಅವರೆಲ್ಲ ಏನಾದ್ರು’ ಅಂತ ಕೇಳಲ್ವಾ? ಸರಿ. ನಾನೇ ಹೇಳ್ತೀನಿ.

ಆ ಮಗನ ಮನೆಗೆ ಲಿಫ್ಟ್ ಇರಲಿಲ್ಲ. ಹೆಂಡ್ತೀನ ತೋಳಲ್ಲಿ ಎತ್ಕೊಂಡು ಮೆಟ್ಟಿಲು ಹತ್ತಿದ. ಒಂದಿಷ್ಟೂ ಭಾರ ಆಗಲಿಲ್ಲ, ಅದಕ್ಕೇ ಅತ್ತ. ಅತ್ತೆಗೆ ಗುಟ್ಟು ಸಿಕ್ತು, ಹೀಗೆ ಸಿಗೋದಾದ್ರೆ ಬೇಡವಾಗಿತ್ತು ಅವಳಿಗೆ. ಸೊಸೆ ಸುಕ್ಕಿಲ್ಲದ ಬೆಡ್‌ಶೀಟ್ ಮೇಲೆ ಮಲಗಿ ಬಾಲ್ಕನಿ ಕಡೆ ನೋಡಿದ್ಲು, ಗಿಡ ಖಾಲಿ ಇದ್ದಿದ್ದು ನೋಡಿ ಬೈಯಲಿಲ್ಲ. ಅವು ಮತ್ತೆ ಹೂ ಬಿಟ್ಟಾಗ ಅವಳಿರಲಿಲ್ಲ. ಆ ಹುಡುಗಿ... ಆ ಹುಡುಗಿ ಅಮ್ಮನ ತಲೆ ಹತ್ರ ಕೂತ್ಲು. ತಟ್ಟೆ ತೊಡೆ ಮೇಲಿಟ್ಕೊಂಡ್ಲು. ಒಂದೊಂದೇ ಬಿಲ್ಲೆ ತಗೊಂಡು, ಅಮ್ಮನಿಗೆ ಕೇಳೋ ಹಾಗೆ, ಗಟ್ಟಿಯಾಗಿ ಅಗಿದ್ಲು.