ಕೈ ಎತ್ತಿದಾಂವ

ಪಟಾನ್‌ಚೆರು ಬಸ್ಸಿನಲ್ಲಿ ನೇತ್ರಾಳ ಕಣ್ಣು ಕಾಲೇಜಿನ ಪುಸ್ತಕದಲ್ಲಿತ್ತು, ಕಿವಿ ಮುಂದಿನ ಸೀಟಿನಲ್ಲಿ. ಅಲ್ಲಿ ಅಕ್ಕ-ತಮ್ಮನ ನಡುವೆ ಒಂದು ಮೊಬೈಲು. ಅದರಲ್ಲಿ ಟಿವಿಯವರು ಮತ್ತೆ ಹಾಕಿದ್ದ ತೆಲಂಗಾಣ ಚಳವಳಿಯ ಹಳೆಯ ಮೆರವಣಿಗೆ ಸದ್ದಿಲ್ಲದೆ ಸಾಗಿತ್ತು.

“ಈ ಕೈ ಎತ್ತಿದಾಂವ ಯಾರೋ, ಅಂಬಾದಾಸ?”

“ನಾನ ಅಕ್ಕಾ.”

“ತಾರೀಖು ನೋಡು. ಅಪ್ಪನ್ನ ಮಣ್ಣು ಮಾಡಿದ ದಿನ.” ಅಂದು ತಮ್ಮ ಫೋನಿನಲ್ಲಿ ಹೇಳಿದ್ದನ್ನು ಅಕ್ಕ ಅವನದೇ ದನಿಯಲ್ಲಿ ಅಣಕಿಸಿದಳು: “‘ಎಲ್ಲಾ ಬಂದ್ ಐತಕ್ಕಾ, ಹೆಂಗ ಬರ್ಲಿ?’ ಊರಿಗೆ ಬರಾಕ ಬಂದ್, ಇಲ್ಲಿ ಕುಣ್ಯಾಕ ಹಾದಿ ಸಿಕ್ತೇನು?”

“ಕುಣಿದಿಲ್ಲ. ಊರಿಗೆ ಬರಾಕ ಹುಮನಾಬಾದ್ ಬಸ್ಸಿಗೆ ಕೈ ಮಾಡಾಕತ್ತಿದ್ದೆ. ಬಗಲಾಗ ನೋಡು, ಅಪ್ಪಗ ಹೊಚ್ಚಾಕ ತಗೊಂಡಿದ್ದ ಬಿಳಿ ಅರಿಬಿ.”

“ಝಂಡಾ ಇರಬೇಕು. ಟಿವಿಯವರು ಕೆಳಗ ನಿನಗ ‘ಇತಿಹಾಸದ ಸಾಕ್ಷಿ’ ಅಂತ ಬರದಾರ. ಅಪ್ಪಗ ಹಿಡಿ ಮಣ್ಣು ಹಾಕಾಕ ನೀ ಇಲ್ಲ. ಬಾಯಿ ತೆರೆದು ನಗಾಕತ್ತೀಯಲ್ಲೋ!”

“ಅಳಾಕತ್ತೀನಿ ಅಕ್ಕಾ. ನೆಟ್ಟಗ ನೋಡು.”

ಅಕ್ಕ ಮೊಬೈಲನ್ನು ಮೂಗಿನ ಹತ್ತಿರ ಹಿಡಿದಳು. ನೇತ್ರಾಳೂ ಇಣುಕಿದಳು. ಅದು ನಗುವೋ ಅಳುವೋ ಅವಳಿಗೂ ತಿಳಿಯಲಿಲ್ಲ.

ಸ್ಟಾಪು ಬಂತು. ಅಕ್ಕ ಎದ್ದು ಮೊಬೈಲನ್ನು ತಮ್ಮನ ತೊಡೆಯ ಮೇಲೆ ಒಗೆದಳು.

“ನೀ ಅಳೋ ಮುಖ ಹೆಂಗಿರತೈತಿ ಅಂತ ನನಗೇನು ಗೊತ್ತು? ಮಣ್ಣಿಗೆ ಬಂದಿದ್ದರ ನೋಡಿರ್ತಿದ್ದೆ,” ಎಂದವಳೇ ಇಳಿದು ಹೋದಳು.