ಮೇಜಿನಡಿಯ ಕ್ಯಾಲೆಂಡರ್

ಬಿಚ್ಚಬೇಡಪ್ಪಾ, ಬಿಚ್ಚಬೇಡ. ಬೂಟು ಹಾಕ್ಕೊಂಡೇ ಒಳಗೆ ಬಾ. ನೆಲ ಕೊಳೆಯಾದ್ರೆ ಒರೆಸ್ತೀನಿ, ನನಗೇನು ಬೇರೆ ಕೆಲಸ ಇದೆ... ಹಾಂ, ಫೋನು ಅದೇ ಜಾಗದಲ್ಲಿದೆ, ಹೊಲಿಗೆ ಮೆಷಿನ್ ಪಕ್ಕ. ಹೋದ ವಾರ ನೀನು ಸರಿ ಮಾಡಿ ಹೋದ್ಮೇಲೆ ಎರಡು ದಿನ ಚೆನ್ನಾಗಿತ್ತು. ಆಮೇಲೆ ಮತ್ತೆ ಉಸಿರೇ ಇಲ್ಲ, ಇದು ಮೂರನೇ ಸಲ. ಇಲಿ ಇರಬೇಕು. ಈ ಮನೆ ಇಲಿಗಳಿಗೆ ನನ್ನ ಮೇಲೆ ಯಾವ ಜನ್ಮದ ಹಗೆಯೋ ಏನೋ.

ಏನು ನೋಡ್ತಿದ್ದೀಯಾ? ಗೋಡೆ ಮೇಲಿರೋ ಬಟ್ಟೆನಾ? ಅದು ಕ್ಯಾಲೆಂಡರ್. ಹೌದಪ್ಪಾ, ಗುಂಡಿ ಹೊಲಿದಿರೋ ಕ್ಯಾಲೆಂಡರ್. ಯಾಕೆ ನಗ್ತೀಯಾ? ಸರಿ, ನಗು. ಈ ಮನೇಲಿ ಯಾರಾದರೂ ನಕ್ಕು ಎಷ್ಟು ದಿನ ಆಯ್ತು.

ನಮ್ಮಮ್ಮ ಈ ಮೇಜಿನ ಮೇಲೇ ಬಟ್ಟೆ ಕತ್ತರಿಸ್ತಿದ್ಳು. ನಾನೂ ನನ್ನ ತಮ್ಮನೂ ಇದರಡಿ. ಮೇಲೆ ಬಂದ್ರೆ ಬೆನ್ನಿಗೆ ಅಳತೆ ಪಟ್ಟಿ ಬೀಳ್ತಿತ್ತು, ಅದಕ್ಕೆ ಅಲ್ಲೇ ಒಂದು ರಾಜ್ಯ ಕಟ್ಟಿದ್ವಿ. ಅವನು ರಾಜ, ನಾನು ಮಂತ್ರಿ. ವಯಸ್ಸಲ್ಲಿ ನಾನು ದೊಡ್ಡೋಳು, ಆದ್ರೂ ರಾಜ ಅವನೇ, ಅಷ್ಟು ಹಟ. ಆ ರಾಜ್ಯದಲ್ಲಿ ಸೂರ್ಯ ತಾನಾಗಿ ಹುಟ್ತಿರಲಿಲ್ಲ. ಹೊರಗಿನ ಕಾಲು ಹೊಸಿಲು ದಾಟಿ ಒಳಗೆ ಬಂದ್ರೆ ಮಾತ್ರ ಒಂದು ದಿನ, ದಿನಕ್ಕೊಂದು ಗುಂಡಿ. ಮೇಜಿನಡಿಯಿಂದ ಕಾಲು ಬಿಟ್ಟು ಇನ್ನೇನು ಕಾಣುತ್ತೆ ಹೇಳು? ಚಪ್ಪಲಿ ಬಂದ್ರೆ ಚಪ್ಪಲಿವಾರ, ಬೂಟು ಬಂದ್ರೆ ಬೂಟುವಾರ. ಬರಿಗಾಲು ಬಂದ್ರೆ ರಜೆ.

ಇಪ್ಪತ್ತು ದಿನಕ್ಕೆ ಒಂದು ತಿಂಗಳು, ಹತ್ತು ತಿಂಗಳಿಗೆ ವರ್ಷ. ನೂಲಿನ ತಿಂಗಳಲ್ಲಿ ಶುರು, ತೇಪೆ ತಿಂಗಳಲ್ಲಿ ಮುಕ್ತಾಯ. ವರ್ಷದ ಕೊನೇ ದಿನ ಮಾತ್ರ ಬೂಟುವಾರವೇ ಆಗಿರಬೇಕು, ಅದು ರಾಜರ ಕಾನೂನು. ಬೂಟಂದ್ರೆ ಅವನಿಗೆ ಪ್ರಾಣ. ಆಗೆಲ್ಲ ಗಿರಾಕಿಗಳು ಹೇಗೆ ಬರ್ತಿದ್ರು ಅಂತೀಯಾ! ಸ್ಕೂಲಿಗೆ ಸೇರೋ ಹೊತ್ತಿಗೆ ನಮಗೆ ಮೂವತ್ತು ವರ್ಷ ದಾಟಿತ್ತು.

ಈಗ ರೆಡಿಮೇಡ್ ಕಾಲ. ಯಾರು ಬರ್ತಾರೆ ಹೊಲಿಸೋಕೆ? ಹಾಲಿನವನು ಬಾಗಿಲಲ್ಲೇ ಪ್ಯಾಕೆಟ್ ಇಟ್ಟು ಹೋಗ್ತಾನೆ, ಅವನು ಲೆಕ್ಕಕ್ಕಿಲ್ಲ. ಒಂದೊಂದು ಗುಂಡಿಗೆ ವಾರಗಟ್ಟಲೆ ಕಾಯಬೇಕು. ಒಂದು ಲಾಭ ಇದೆ ನೋಡು, ನನಗೆ ವಯಸ್ಸೇ ಆಗ್ತಿಲ್ಲ.

ತಮ್ಮನಾ? ಚೆನ್ನಾಗಿದ್ದಾನೆ. ದೂರದ ಊರಲ್ಲಿ ಕೆಲಸ. ಹೋದ ವರ್ಷ ತಾನೆ ಮಾತಾಡಿದ. ಇದೇ ಬಾಗಿಲಲ್ಲಿ ನಿಂತು, "ಅಕ್ಕಾ, ವರ್ಷ ಮುಗಿದ ದಿನ ಫೋನ್ ಮಾಡ್ತೀನಿ" ಅಂದ. ಯಾವ ವರ್ಷವೋ ಅಂತ ಕೇಳಿದೆ. ನಕ್ಕ. "ನಮ್ಮ ವರ್ಷ ಕಣೇ, ಇನ್ಯಾವುದು?" ಅಂದ. ಇನ್ನು ಒಂದೇ ಒಂದು ಗುಂಡಿ ಬಾಕಿ. ಅಗೋ, ಕೆಳಗಿನ ಮೂಲೆಯಲ್ಲಿ ಖಾಲಿ ಇದೆಯಲ್ಲ, ಅದು ಇವತ್ತಿಂದು. ಸೂಜಿಗೆ ದಾರ ಪೋಣಿಸಿ ಇಟ್ಟಿದ್ದೀನಿ. ಟೀಗೆ ಸಕ್ಕರೆ ಎಷ್ಟು ಹಾಕಲಿ?

ಎಷ್ಟಪ್ಪಾ?

ಯಾಕೆ ಹಾಗೆ ಬೆರಳು ಮಡಚ್ತಾ ಇದ್ದೀಯಾ? ಇನ್ನೂರು ಗುಂಡಿ, ಒಂದೊಂದಕ್ಕೆ ವಾರಗಟ್ಟಲೆ... ಬಿಡು, ನಾನೇ ಹೇಳ್ತೀನಿ. ನಿಮ್ಮ ಲೆಕ್ಕದಲ್ಲಿ ಹನ್ನೊಂದು ವರ್ಷ. ನಾನೇನು ಸುಳ್ಳು ಹೇಳಲಿಲ್ಲ, ನಮ್ಮ ಲೆಕ್ಕದಲ್ಲಿ ಅದು ಹೋದ ವರ್ಷವೇ.

ವೈರು ಸಿಕ್ತಾ? ಹೂಂ, ಅಲ್ಲೇ, ಮೆಷಿನ್ ಹಿಂದೆ. ಎಲ್ಲ ಆ ಇಲಿ ಕೆಲಸ... ಯಾಕಪ್ಪಾ ಅದನ್ನ ಕೈಯಲ್ಲಿ ಹಿಡ್ಕೊಂಡು ನಿಂತೆ? ಕತ್ತರಿ ಕಡೆ ಯಾಕೆ ನೋಡ್ತೀಯಾ?

ಇಲಿ ಕಡಿದ್ರೆ ಇಷ್ಟು ನೇರ ಇರಲ್ಲ. ಗೊತ್ತು. ಐವತ್ತು ವರ್ಷ ಬಟ್ಟೆ ಕತ್ತರಿಸಿದ ಕೈ, ವಕ್ರ ಬಾ ಅಂದ್ರೂ ಬರಲ್ಲ. ಮೂರು ಸಲವೂ ನಾನೇ. ಬಯ್ಯೋದಾದ್ರೆ ಬಯ್ದುಬಿಡು. ವರ್ಷ ಮುಗೀಬೇಕಿತ್ತಪ್ಪಾ. ಮೂರು ದಿನ ಕಮ್ಮಿ ಇತ್ತು, ಯಾರೂ ಬರ್ತಿರಲಿಲ್ಲ. ನೀನಾದ್ರೆ ಪಕ್ಕದ ಮನೆ ಫೋನಿಂದ ಕರೆದ್ರೆ ಬರ್ತೀಯಾ, ಬೂಟು ಬೇರೆ ಹಾಕಿರ್ತೀಯಾ.

ಫೋನನ್ನೂ ನನ್ನನ್ನೂ ಯಾಕೆ ಹಾಗೆ ತಿರುಗಿ ತಿರುಗಿ ನೋಡ್ತೀಯಾ? ಓ... ಅದಾ. ಕೇಳಿಬಿಡು ಮತ್ತೆ, ಬಾಯಲ್ಲಿ ಯಾಕೆ ಇಟ್ಕೊಂಡಿದ್ದೀಯಾ. ಫೋನಿಗೆ ಕಾಯೋಳು ಫೋನಿನ ವೈರೇ ಯಾಕೆ ಕತ್ತರಿಸಿದೆ ಅಂತ ತಾನೆ? ನಲ್ಲಿ ಕಿತ್ತಿದ್ರೆ ನಲ್ಲಿಯವನು ಬರ್ತಿದ್ದ. ದೀಪದ ವೈರು ಎಳೆದಿದ್ರೆ ದೀಪದವನು ಬರ್ತಿದ್ದ. ಅದೇನು ನನಗೆ ಹೊಳೀಲಿಲ್ಲ ಅಂದ್ಕೊಂಡ್ಯಾ?

ಸರಿಯಿರೋ ಫೋನು ತೆಪ್ಪಗೆ ಕೂತಿದ್ರೆ, ಅದರ ಎದುರಿಗೆ ಕೂತು ಅನ್ನ ಕಲಸಿ ನೋಡು. ತುತ್ತು ತಟ್ಟೆಯಲ್ಲೇ ಉಳಿಯುತ್ತೆ. ಕೆಟ್ಟಿದ್ರೆ ವಾಸಿ. ಪಾಪ, ಅವನು ಮಾಡ್ತಾನೇ ಇರ್ತಾನೆ, ನನಗೇ ಕೇಳಿಸ್ತಿಲ್ಲ ಅಂದ್ಕೊಂಡು ಎರಡು ತುತ್ತು ತಿಂದು ಮಲಗಬಹುದು. ಆ ಎರಡು ದಿನ ಫೋನು ಸರಿಯಿತ್ತಲ್ಲ, ನಾನೇ ಅವನ ನಂಬರಿಗೆ ಮಾಡಿದೆ. ಯಾರೋ ಹೆಂಗಸು ಎತ್ತಿದ್ಳು. ಈ ನಂಬರು ನಮ್ಮದಾಗಿ ಆರು ವರ್ಷ ಆಯ್ತಮ್ಮ ಅಂದ್ಳು. ಆಮೇಲೆ ಕತ್ತರಿ ತಗೊಂಡೆ.

ವೈರಿನ ಎರಡು ತುದಿ ಹಿಡ್ಕೊಂಡು ಸೇರಿಸ್ಲಾ ಬೇಡ್ವಾ ಅಂತ ನನ್ನ ಮುಖ ನೋಡ್ತೀಯಲ್ಲಪ್ಪಾ, ನಾನೇನು ಹೇಳಲಿ. ಇವತ್ತು ಬೂಟುವಾರ. ರಾಜರ ಕಾನೂನು ಮೀರೋಕಾಗಲ್ಲ. ಇರು, ಮೊದಲು ಗುಂಡಿ ಹೊಲಿದುಬಿಡ್ತೀನಿ... ಗಂಟು ಹಾಕಿದೆ... ಆಯ್ತು. ವರ್ಷ ಮುಗೀತು.

ಸೇರಿಸು. ಆದ್ರೆ ಸೇರಿಸಿದ ತಕ್ಷಣ ಎದ್ದು ಹೋಗಬೇಡ. ಟೀ ಮುಗಿಯೋವರೆಗಾದರೂ ಈ ಸ್ಟೂಲ್ ಮೇಲೆ ಕೂತಿರು. ಆ ಫೋನು ಸುಮ್ಮನಿರೋದನ್ನ ಇವತ್ತು ಒಬ್ಬಳೇ ಕೇಳಿಸ್ಕೊಳ್ಳೋಕೆ ನನ್ನ ಕೈಲಾಗಲ್ಲ.