ಕರಗದ ರೂಪಾಯಿ

೧೯೪೭ರ ಒಂದು ಬೆಳಿಗ್ಗೆ ಮದ್ದೂರಿನಲ್ಲಿ ಮಳವಳ್ಳಿ ಬಸ್ಸಿಗೆ ಕಾಯುತ್ತಿದ್ದೆ. ಪಾತ್ರೆಗೆ ಕಲಾಯಿ ಹಾಕುವ ಮಕ್ಸೂದ್ ಸಾಬರು ಬಂದು, ಪಕ್ಕದಲ್ಲಿದ್ದ ಹಲಗೂರಿನ ಚಿಕ್ಕಬೋರಮ್ಮನವರ ಕೈಗೆ ನಾಲ್ಕು ಹೊಸ ರೂಪಾಯಿ ನಾಣ್ಯ ವಾಪಸು ಇಟ್ಟರು. ಸಾಬರ ಗಡ್ಡ ಒಂದು ಕಡೆ ಸುಟ್ಟಿತ್ತು.

“ಇದ್ಯಾಕೆ ಸಾಬ್ರೇ? ಕರಗಿಸಿ ಮೊಮ್ಮಗಳಿಗೆ ಕಾಲ್ಗೆಜ್ಜೆ ಮಾಡ್ಕೊಡ್ತೀನಿ ಅಂದಿದ್ರಿ?”

“ಬೆಳ್ಳಿ ಅಂದ್ಕಂಡಿದ್ದೆ ಕಣವ್ವ. ದಿನವೆಲ್ಲಾ ತಿದಿ ಒತ್ತಿದೆ. ನನ್ನ ಗಡ್ಡ ಸುಡ್ತು, ನಾಣ್ಯದ ಮ್ಯಾಲಿನ ರಾಜನ ಮಕ ಬೆವರ್ಲೇ ಇಲ್ಲ.”

“ಬೆಳ್ಳಿ ಅಲ್ವಾ ಮತ್ತೆ?”

“ಈ ವರ್ಸದ್ದು ಬರೀ ನಿಕ್ಕಲ್ ಲೋಹ ಅಂತೆ. ಗ್ಯಾರೇಜಿನೋನು ಸೂಜಿಗಲ್ಲು ಇಡಿದ, ಟಕ್ ಅಂತ ಅಂಟ್ಕತು, ಬೆಳ್ಳಿ ಆಗಿದ್ರೆ ಅಂಟ್ತಿರ್ಲಿಲ್ಲ. ಟಂಕಸಾಲೇಲಿ ತಗಡಿನಿಂದ ಬಿಲ್ಲೆ ಕತ್ತರಿಸಿ, ಮಿಸನ್ನಲ್ಲಿ ಒಂದೇ ಏಟಿಗೆ ಅಚ್ಚು ಒತ್ತಾರಂತೆ. ಅಷ್ಟು ಗಟ್ಟಿ ಲೋಹ, ನನ್ನ ಒಲೆಗೆಲ್ಲಾ ಕರಗಕಿಲ್ಲ.”

“ಲೋಹದ ವಾಸ್ನೇಲೇ ಜಾತಿ ಏಳ್ತೀನಿ ಅಂದಿದ್ರಿ!”

“ಮೂಗಿಗೆ ನೆಗಡಿಯಾಗಿತ್ತು ಅಂತ ಏಳ್ಬುಡವ್ವ.”

“ನಗಬ್ಯಾಡಿ. ಕೂಸು ಈಗ್ತಾನೆ ನಡೆಯಕ್ಕೆ ಸುರು ಮಾಡದೆ. ಬರಿಗೈಲಿ ಮಗಳ ಮನೆಗೆ ಎಂಗೋಗ್ಲಿ?”

ಸಾಬರು ತಲೆ ತಗ್ಗಿಸಿದರು.

“ಇತ್ತಾಳೇಲಿ ಮಾಡ್ಕೊಡ್ಲಾ? ಅದೊಂದು ನಿಜವಾಗ್ಲೂ ಬಲ್ಲೆ.”

“ಸದ್ದು ಬತ್ತದಾ?”

“ಬೆಳ್ಳಿಗಿಂತ ಜಾಸ್ತಿ. ನನ್ನಂಗೆ.”

ಆಕೆ ನಕ್ಕುಬಿಟ್ಟರು. ಬಸ್ಸು ಬಂತು. ಚಿಕ್ಕಬೋರಮ್ಮನವರು ಹತ್ತಲಿಲ್ಲ, ಸಾಬರ ಹಿಂದೆ ಅಂಗಡಿಯತ್ತ ನಡೆದರು.